ಬಾನಿಗೆ ದಾರಿ ತೋರಿದ ಶಾಲಾ ಶಿಕ್ಷಕ

ಶಾಲೆ ಬಿಟ್ಟ ಮಾತ್ರಕ್ಕೆ ಕಲಿಕೆಯೂ ಮುಗಿಯಿತೆಂದು ನೀವು ಭಾವಿಸಿದ್ದೀರಾ? ಹಾಗಾದರೆ ಕಾನ್‌ಸ್ಟಾಂಟಿನ್ ಸಿಯೋಲ್ಕೊವ್‌ಸ್ಕಿಯವರ ಬದುಕನ್ನೊಮ್ಮೆ ನೋಡಿ.

1857ರಲ್ಲಿ ರಷ್ಯಾದ ಹಳ್ಳಿಯೊಂದರಲ್ಲಿ ಜನಿಸಿದ ಅವರು, ಹತ್ತರ ಪ್ರಾಯದಲ್ಲಿ ಸ್ಕಾರ್ಲೆಟ್ ಜ್ವರಕ್ಕೆ ತುತ್ತಾಗಿ ಶ್ರವಣಶಕ್ತಿಯನ್ನು ಬಹುಪಾಲು ಕಳೆದುಕೊಂಡರು. ತಾಯಿಯೂ ತೀರಿಕೊಂಡರು. ಪಾಠ ಕೇಳಿಸದೆ ಶಾಲೆ ಕೈತಪ್ಪಿತು. ಆದರೆ ಪುಸ್ತಕ ಓದಲು ಕಿವಿ ಬೇಕಿಲ್ಲವಲ್ಲ! ಹದಿನಾರರಲ್ಲಿ ಮಾಸ್ಕೋಗೆ ತೆರಳಿ, ಅರೆಹೊಟ್ಟೆಯಲ್ಲಿದ್ದು, ಮೂರು ವರ್ಷ ಗ್ರಂಥಾಲಯದಲ್ಲೇ ಗಣಿತ, ಭೌತಶಾಸ್ತ್ರ ಕಲಿತರು. ಬಳಿಕ ಶಿಕ್ಷಕರ ಪರೀಕ್ಷೆ ಪಾಸಾಗಿ ಬೊರೊವ್‌ಸ್ಕ್, ಕಲೂಗ ಪಟ್ಟಣಗಳಲ್ಲಿ ಪಾಠ ಹೇಳಿದರು.

ಅವರನ್ನು ಕಾಡಿದ ಪ್ರಶ್ನೆ ಒಂದೇ: ಗಾಳಿಯಿಲ್ಲದ ಬಾಹ್ಯಾಕಾಶದಲ್ಲಿ ಮನುಷ್ಯ ಸಾಗುವುದು ಹೇಗೆ? ರಾಕೆಟ್ ಮೂಲಕ ಎಂದು ಅವರು ಲೆಕ್ಕ ಹಾಕಿ ತೋರಿಸಿದರು. ಅನಿಲ ಹಿಂದಕ್ಕೆ ಚಿಮ್ಮಿದಾಗ ರಾಕೆಟ್ ಮುಂದಕ್ಕೆ ಸಾಗುತ್ತದೆ. ಅದಕ್ಕೆ ಗಾಳಿಯ ಆಸರೆ ಬೇಡ. 1903ರಲ್ಲಿ ಪ್ರಕಟವಾದ ಅವರ ಪ್ರಬಂಧದ ಸಾರ ಹೀಗಿದೆ: ಇಂಧನ ತುಂಬಿದ ರಾಕೆಟ್ಟಿನ ತೂಕ, ಇಂಧನ ತೀರಿದಾಗಿನ ತೂಕದ 4 ಪಟ್ಟು ಇದ್ದರೆ ಒಂದು ವೇಗ ಸಿಗುತ್ತದೆ. ಆ ವೇಗ ಇಮ್ಮಡಿಯಾಗಬೇಕಾದರೆ 8 ಪಟ್ಟು ಸಾಲದು, 16 ಪಟ್ಟು ಬೇಕು! ಆದ್ದರಿಂದಲೇ ಅನಿಲವನ್ನು ಹೆಚ್ಚು ವೇಗದಲ್ಲಿ ಚಿಮ್ಮಿಸುವ ದ್ರವ ಹೈಡ್ರೋಜನ್ ಮತ್ತು ಆಮ್ಲಜನಕವನ್ನು ಅವರು ಸೂಚಿಸಿದರು. ಬರಿದಾದ ಭಾಗಗಳನ್ನು ಹಂತಹಂತವಾಗಿ ಕಳಚಿಕೊಳ್ಳುವ ರಾಕೆಟನ್ನು 1929ರಲ್ಲಿ ವಿವರಿಸಿದರು.

ಒಂದು ರಾಕೆಟನ್ನೂ ಹಾರಿಸದೆ 1935ರಲ್ಲಿ ಅವರು ನಿಧನರಾದರು. 1961ರ ಏಪ್ರಿಲ್ 12ರಂದು ಯೂರಿ ಗಗಾರಿನ್‌ರನ್ನು ಬಾಹ್ಯಾಕಾಶಕ್ಕೆ ಒಯ್ದದ್ದು ಅಂತಹ ಹಂತಗಳ ರಾಕೆಟೇ.

ನಿಮ್ಮ ನೆರೆಮನೆಯಲ್ಲಿ ಶಾಲೆ ಬಿಟ್ಟ ಮಗುವೊಂದಿದ್ದರೆ ಇಂದೇ ಅದರ ಕೈಗೊಂದು ಪುಸ್ತಕ ಕೊಡಿ.