ಬಿಡುವು ಕಲಿತ ಬೆರಳುಗಳು

ತೇರದಾಳ, ರಬಕವಿ, ಬನಹಟ್ಟಿಗಳ ನೇಕಾರರ ಓಣಿಗಳಲ್ಲಿ ತಂದೆಯ ಕಸುಬು ಮಗನ ಕೈಗೆ ಇಳಿಯುವುದು ಉಪದೇಶದಿಂದಲ್ಲ. ಮಗ್ಗದ ಮಗ್ಗುಲಲ್ಲಿ ಕುಳಿತು ಕಂಡಿಕೆ ಸುತ್ತುತ್ತ ಸುತ್ತುತ್ತ ಅದು ಬರುತ್ತದೆ. ಬಾಲ್ಯದಲ್ಲಿ ಹೀಗೆ ಪಳಗಿದ ಕೈ ಮುಂದೆ ಯಾವ ಕೆಲಸಕ್ಕೆ ತೊಡಗಿದರೂ ಆ ಪಾಠವನ್ನು ಮರೆಯದು. ಅಮೆರಿಕದ ಜಾಝ್ ಗಿಟಾರ್ ವಾದಕ ಜೋ ಪಾಸ್ ಅವರ ಬದುಕನ್ನು ಓದುವಾಗಲೆಲ್ಲ ಈ ಓಣಿಗಳು ನೆನಪಾಗುವುದು ಅದಕ್ಕಾಗಿ.

ಜೋಸೆಫ್ ಪಾಸಲಾಕ್ವಾ ಹುಟ್ಟಿದ್ದು 1929ರ ಜನವರಿ 13ರಂದು, ನ್ಯೂಜೆರ್ಸಿಯಲ್ಲಿ. ಬೆಳೆದದ್ದು ಪೆನ್ಸಿಲ್ವೇನಿಯಾದ ಜಾನ್ಸ್‌ಟೌನ್ ಎಂಬ ಉಕ್ಕಿನ ಊರಿನಲ್ಲಿ. ತಂದೆ ಮರಿಯಾನೊ ಸಿಸಿಲಿಯಿಂದ ವಲಸೆ ಬಂದು ಉಕ್ಕಿನ ಕಾರ್ಖಾನೆಯಲ್ಲಿ ದುಡಿಯುತ್ತಿದ್ದವರು. ಅವರಿಗೆ ಸಂಗೀತದ ಶಾಸ್ತ್ರಜ್ಞಾನವಿರಲಿಲ್ಲ. ಸಿನಿಮಾದಲ್ಲಿ ಹಾಡುವ ಕೌಬಾಯ್ ಜೀನ್ ಆಟ್ರಿಯನ್ನು ಕಂಡು ಮರುಳಾದ ಮಗನಿಗೆ ಒಂಬತ್ತನೆಯ ವಯಸ್ಸಿನಲ್ಲಿ ಗಿಟಾರ್ ಬಂತು. ಹುಡುಗನ ಕೈಯಲ್ಲಿ ಏನೋ ಇದೆಯೆಂದು ತಂದೆ ಬೇಗನೆ ಗುರುತಿಸಿದರು. ಅಲ್ಲಿಂದ ಆರಂಭವಾದ ಸಾಧನೆ ಕಠೋರವಾದದ್ದು. ದಿನಕ್ಕೆ ಹಲವು ಗಂಟೆಗಳ ಅಭ್ಯಾಸ, ಕೇಳಿದ ಯಾವುದೇ ಧಾಟಿಯನ್ನು ಕಿವಿಯಿಂದಲೇ ಹಿಡಿಯುವುದು, ಗಿಟಾರಿಗೆಂದು ರಚಿತವಾಗದ ಹಾಡುಗಳನ್ನೂ ಅದರ ಮೇಲೆ ತರುವುದು. ಎಲ್ಲಕ್ಕಿಂತ ಮುಖ್ಯವಾದ ಕಟ್ಟಪ್ಪಣೆ ಒಂದಿತ್ತು: ಒಂದು ಸ್ವರಕ್ಕೂ ಇನ್ನೊಂದಕ್ಕೂ ನಡುವೆ ಖಾಲಿ ಜಾಗ ಬಿಡಬಾರದು, ತುಂಬಬೇಕು. ಜೋ ಪಾಸ್ ಅವರ ಕಲೆಯ ಬಲವೂ ಅದರ ಮಿತಿಯೂ ಈ ಒಂದು ಅಪ್ಪಣೆಯಲ್ಲೇ ಅಡಗಿವೆಯೆಂಬುದು ನನ್ನ ಎಣಿಕೆ.

ಹದಿನಾಲ್ಕರ ಹೊತ್ತಿಗೆ ಹುಡುಗ ವಾದ್ಯವೃಂದಗಳಲ್ಲಿ ನುಡಿಸುತ್ತಿದ್ದ. ಶಾಲೆ ಬಿಟ್ಟು ನ್ಯೂಯಾರ್ಕಿಗೆ ಹೋದ. ಅಲ್ಲಿ ಜಾಝ್‌ನ ಹೊಸ ಅಲೆಯೊಡನೆ ಹೆರಾಯಿನ್ ಕೂಡ ಸಿಕ್ಕಿತು. 1950ರ ದಶಕವೆಲ್ಲ ಬಹುಪಾಲು ಅದರ ಪಾಲಾಯಿತು: ಸೆರೆಮನೆ, ಟೆಕ್ಸಾಸ್‌ನ ಫೋರ್ಟ್‌ವರ್ತ್‌ನ ಸರ್ಕಾರಿ ಚಿಕಿತ್ಸಾಲಯ, ಮತ್ತೆ ಬೀದಿ. ಸಮಕಾಲೀನರು ಹೆಸರು ಗಳಿಸುತ್ತಿದ್ದ ಆ ವರ್ಷಗಳಲ್ಲಿ ಈತನ ಹೆಸರನ್ನು ಬಲ್ಲವರು ವಿರಳ.

1960ರ ಸುಮಾರಿಗೆ ಅವರು ಕ್ಯಾಲಿಫೋರ್ನಿಯಾದ ಸಿನನಾನ್ ಎಂಬ ವ್ಯಸನಮುಕ್ತಿ ಸಂಸ್ಥೆಯನ್ನು ಸೇರಿ ಎರಡೂವರೆ ವರ್ಷ ಅಲ್ಲಿದ್ದರು. ಆ ಸಂಸ್ಥೆ ಮುಂದೆ ಹಿಂಸೆಗೂ ಇಳಿದ ಒಂದು ಪಂಥವಾಗಿ ಕುಖ್ಯಾತವಾಯಿತು. ಆದರೂ ಜೋ ಪಾಸ್ ಅವರ ಮಟ್ಟಿಗೆ ಅದು ಪುನರ್ಜನ್ಮ ನೀಡಿದ ಮನೆ ಎಂಬುದನ್ನು ಅಲ್ಲಗಳೆಯಲಾಗದು. ಅಲ್ಲಿಯ ನಿವಾಸಿಗಳೇ ಕೂಡಿ ನುಡಿಸಿದ ‘ಸೌಂಡ್ಸ್ ಆಫ್ ಸಿನನಾನ್’ ಧ್ವನಿಮುದ್ರಿಕೆ 1962ರಲ್ಲಿ ಹೊರಬಂದಾಗ ವಿಮರ್ಶಕರು ಗಿಟಾರ್ ನುಡಿಸಿದವನಾರೆಂದು ವಿಚಾರಿಸತೊಡಗಿದರು. ಆಗ ಅವರಿಗೆ ಸ್ವಂತ ವಾದ್ಯವೂ ಇರಲಿಲ್ಲ. ರಾಕ್ ಸಂಗೀತಕ್ಕೆ ಬಳಸುವ ಸಂಸ್ಥೆಯ ಗಿಟಾರಿನಲ್ಲಿ ಜಾಝ್ ನುಡಿಸುತ್ತಿದ್ದುದನ್ನು ಕಂಡ ಅಭಿಮಾನಿಯೊಬ್ಬರು 1963ರಲ್ಲಿ ಒಂದು ಗಿಬ್ಸನ್ ಗಿಟಾರನ್ನು ಕೊಂಡು ಕೊಟ್ಟರು.

ಮುಂದಿನ ಹತ್ತು ವರ್ಷ ಸ್ಟುಡಿಯೋ ದುಡಿಮೆ. ಇತರರ ಹಾಡುಗಳ ಹಿಂದೆ ನುಡಿಸಿ ಸಂಬಳ ಪಡೆಯುವ ಕೆಲಸ. 1973ರಲ್ಲಿ ಪಾಬ್ಲೊ ರೆಕಾರ್ಡ್ಸ್ ಸ್ಥಾಪಿಸಿದ ನಾರ್ಮನ್ ಗ್ರಾಂಝ್ ಅವರನ್ನು ಕರೆತಂದು ಒಬ್ಬಂಟಿಯಾಗಿ ಕೂರಿಸಿದರು. ಪಿಯಾನೊ ಇಲ್ಲ, ಬಾಸ್ ಇಲ್ಲ, ಡ್ರಮ್ಸ್ ಇಲ್ಲ. ಹೀಗೆ ಮುದ್ರಿತವಾದದ್ದು ‘ವರ್ಚುಯೋಸೊ’. ಹನ್ನೆರಡು ರಚನೆಗಳಲ್ಲಿ ಹನ್ನೊಂದು ಅಮೆರಿಕದವರೆಲ್ಲ ಬಲ್ಲ ಹಳೆಯ ಹಾಡುಗಳು, ಒಂದು ಮಾತ್ರ ಅವರದೇ ಬ್ಲೂಸ್. ನುಡಿಸಿದ್ದು ವಿದ್ಯುತ್ ಗಿಟಾರಾದರೂ ಕಿವಿಗೆ ಬೀಳುವುದು ಬಹುಮಟ್ಟಿಗೆ ಆ ವಾದ್ಯದ ಮರದ ದನಿಯೇ.

ಒಬ್ಬರೇ ನುಡಿಸುವುದು ನಮಗೇನೂ ಹೊಸದಲ್ಲ. 1924ರ ಬೆಳಗಾವಿ ಕಾಂಗ್ರೆಸ್ಸಿನಲ್ಲಿ ವೀಣೆ ಶೇಷಣ್ಣನವರನ್ನು ಕೇಳಿದವರ ನಾಡಿದು. ಆದರೆ ವೈಣಿಕನಿಗೆ ತಾಳದ ತಂತಿಗಳಿವೆ, ಸಿತಾರಿನವನಿಗೆ ಚಿಕಾರಿಯಿದೆ, ಇಬ್ಬರ ಬೆನ್ನಿಗೂ ಶ್ರುತಿಯ ಆಸರೆಯಿದೆ. ರಾಗವು ಒಂದೇ ಷಡ್ಜದ ಮೇಲೆ ನೆಲೆಯೂರಿ ನಿಲ್ಲುತ್ತದೆ. ಜಾಝ್ ಹಾಡಿನಲ್ಲಿ ಹಾಗಲ್ಲ. ಧಾಟಿಯ ಕೆಳಗೆ ಸ್ವರಮೇಳಗಳು ಗಳಿಗೆಗಳಿಗೆಗೂ ಬದಲಾಗುತ್ತವೆ, ಅಂದರೆ ನೆಲವೇ ಜರುಗುತ್ತಿರುತ್ತದೆ. ಗುಂಪಿನಲ್ಲಿ ಈ ನೆಲವನ್ನು ಪಿಯಾನೊ ಮತ್ತು ಬಾಸ್ ಹಿಡಿದುಕೊಡುತ್ತವೆ. ಒಂಟಿ ಗಿಟಾರಿನವನು ಮಂದ್ರದ ನಡೆ, ನಡುವಿನ ಸ್ವರಮೇಳ, ಮೇಲಿನ ಧಾಟಿ ಮೂರನ್ನೂ ಆರು ತಂತಿಗಳಲ್ಲಿ ಬಲಗೈಯ ಕೆಲವೇ ಬೆರಳುಗಳಿಂದ ನಡೆಸಬೇಕು. ಹಾಸನ್ನೂ ಹೊಕ್ಕನ್ನೂ ಒಬ್ಬನೇ ನೇಯುವ ಕೆಲಸವಿದು. ಅದರ ಮೇಲೆ, ಮೀಟಿದ ಸ್ವರ ಕ್ಷಣದಲ್ಲಿ ಕರಗಿಹೋಗುತ್ತದೆ. ಪಿಟೀಲಿನಂತೆ ಎಳೆದು ನಿಲ್ಲಿಸುವ ಉಪಾಯವಿಲ್ಲ. ಆದ್ದರಿಂದ ನುಡಿಸುವವನಿಗೆ ತುಂಬಬೇಕೆಂಬ ಆತುರ ಸಹಜವಾಗಿಯೇ ಹುಟ್ಟುತ್ತದೆ. ಮರಿಯಾನೊ ಅವರ ಪಾಠ ಇಲ್ಲಿ ಫಲಿಸಿತು.

‘ವರ್ಚುಯೋಸೊ’ ಗಿಟಾರ್ ವಾದಕರ ಪಾಲಿಗೆ ಇಂದಿಗೂ ಪಠ್ಯ. ಆದರೂ ಅದನ್ನು ಒಂದೇ ಆಸನದಲ್ಲಿ ಪೂರ್ತಿ ಕೇಳಿದರೆ ಕಿವಿ ದಣಿಯುತ್ತದೆ ಎಂದು ಹೇಳಲು ಸಂಕೋಚಪಡಬೇಕಿಲ್ಲ. ಸ್ವರಗಳ ಮಳೆ ನಿಲ್ಲುವುದೇ ಇಲ್ಲ. ಮೌನದ ಅಂಜಿಕೆ ಅದರಲ್ಲಿ ಎಲ್ಲೋ ಇದೆ. ಹತ್ತು ಹನ್ನೆರಡು ವರ್ಷ ಕಳೆದುಕೊಂಡವನು ಎಲ್ಲವನ್ನೂ ಒಮ್ಮೆಲೇ ಹೇಳಿ ಮುಗಿಸಲು ಹೊರಟಂತಿದೆ.

ಕೀರ್ತಿ ನಂತರ ತಾನಾಗಿ ಬಂತು. ಆಸ್ಕರ್ ಪೀಟರ್ಸನ್ ಮತ್ತು ನೀಲ್ಸ್ ಪೀಡರ್ಸನ್ ಅವರೊಡನೆ ನುಡಿಸಿದ ‘ದ ಟ್ರಯೊ’ಗೆ ಗ್ರಾಮಿ ಪ್ರಶಸ್ತಿ ದೊರಕಿತು. ಎಲಾ ಫಿಟ್ಜ್‌ಜೆರಾಲ್ಡ್ ಅವರ ಕಂಠದೊಂದಿಗೆ ಗಿಟಾರ್ ಮಾತ್ರವೇ ಇರುವ ನಾಲ್ಕು ಮುದ್ರಿಕೆಗಳು 1973ರಿಂದ 1986ರ ನಡುವೆ ಸಿದ್ಧವಾದವು. ದೊಡ್ಡ ಗಾಯಕಿಯ ಉಸಿರಿಗೆ ಜಾಗ ಬಿಡದೆ ಜೊತೆ ನೀಡಲಾಗದು. ಬಿಡುವಿನ ಮೊದಲ ಪಾಠ ಅವರಿಗೆ ಇಲ್ಲಿಯೇ ಆಗಿರಬೇಕೆಂದು ನನಗನಿಸುತ್ತದೆ.

1992ರಲ್ಲಿ ಅವರ ಯಕೃತ್ತಿಗೆ ಕ್ಯಾನ್ಸರ್ ತಗುಲಿರುವುದು ಪತ್ತೆಯಾಯಿತು. ಅದೇ ವರ್ಷದ ಆಗಸ್ಟಿನಲ್ಲಿ ಅವರು ವಿದ್ಯುತ್ ಗಿಟಾರನ್ನು ಬದಿಗಿಟ್ಟು, ನೈಲಾನ್ ತಂತಿಯ ಸಾದಾ ಗಿಟಾರ್ ಹಿಡಿದು ಒಬ್ಬರೇ ಕುಳಿತು ಮುದ್ರಿಸಿದ್ದು ‘ಸಾಂಗ್ಸ್ ಫಾರ್ ಎಲೆನ್’. ಎಲೆನ್ ಅವರ ಪತ್ನಿ. ಹಾಡುಗಳು ಬಹುಪಾಲು ಹಳೆಯವೇ, ಕೈಯೂ ಅದೇ. ಆದರೆ ಓಟ ಇಲ್ಲ. ನೈಲಾನ್ ತಂತಿಯ ದನಿ ಮೃದು, ಅದರ ಮೇಲೆ ಆರ್ಭಟ ನಡೆಯದು. ಬೆರಳು ತಂತಿಯನ್ನು ಬಿಟ್ಟ ಸದ್ದು ಕೂಡ ಕೇಳಿಸುತ್ತದೆ. ಒಂದು ಸ್ವರಮೇಳವನ್ನು ಮೀಟಿ ಅದು ಪೂರ್ತಿ ಆರುವವರೆಗೆ ಅವರು ಕಾಯುತ್ತಾರೆ. ಮಂದ್ರದ ಸ್ವರ ಬರಬೇಕಾದಲ್ಲಿ ಕೆಲವೊಮ್ಮೆ ಬರುವುದೇ ಇಲ್ಲ, ಕೇಳುಗನ ಮನಸ್ಸೇ ಅದನ್ನು ಒದಗಿಸಿಕೊಳ್ಳುತ್ತದೆ. ತಂದೆಯ ಅಪ್ಪಣೆಯನ್ನು ಮಗ ಅರವತ್ತಮೂರನೆಯ ವಯಸ್ಸಿನಲ್ಲಿ ಮೀರಿದ್ದು ಹೀಗೆ. ಇದನ್ನು ರೋಗದ ಕರುಣಕಥೆಯಾಗಿಸುವುದು ಸುಲಭ, ಆದರೆ ಅದು ಸರಿಯಲ್ಲ. ದಣಿದ ಕೈ ತಡವರಿಸುತ್ತದೆ. ಈ ಕೈ ಎಲ್ಲಿಯೂ ತಡವರಿಸಿಲ್ಲ.

ಚಿಕಿತ್ಸೆಗೆ ದೇಹ ಮೊದಮೊದಲು ಸ್ಪಂದಿಸಿತು. ಪೆಪೆ ರೊಮೆರೊ, ಪಾಕೊ ಪೆನ್ಯಾ, ಲಿಯೊ ಕಾಟ್ಕಿ ಅವರಂಥ ಬೇರೆ ಬೇರೆ ಸಂಪ್ರದಾಯಗಳ ಗಿಟಾರ್ ವಾದಕರೊಡನೆ ಯೋಜಿಸಿದ್ದ ಸಂಚಾರದಿಂದ 1994ರಲ್ಲಿ ಹಿಂದೆ ಸರಿಯಬೇಕಾಯಿತು. ಆ ವರ್ಷದ ಮೇ 7ರಂದು ಲಾಸ್ ಏಂಜಲಿಸ್‌ನ ಒಂದು ಕ್ಲಬ್ಬಿನಲ್ಲಿ ಹಳೆಯ ಸಂಗಾತಿ ಜಾನ್ ಪಿಸಾನೊ ಅವರ ಪಕ್ಕದಲ್ಲಿ ಕುಳಿತು ಕೊನೆಯ ಬಾರಿಗೆ ನುಡಿಸಿದರು. ಮೇ 23ರಂದು ತೀರಿಕೊಂಡರು. 1992ರಲ್ಲಿಯೇ ಸಾದಾ ಗಿಟಾರಿನ ಮೇಲೆ ಏಕಾಂಗಿಯಾಗಿ ನುಡಿಸಿಟ್ಟಿದ್ದ ಇನ್ನೊಂದು ಮುದ್ರಿಕೆ, ‘ಅನ್‌ಫರ್ಗೆಟಬಲ್’, ಕೇಳುಗರಿಗೆ ದೊರೆತದ್ದು 1998ರಲ್ಲಿ.