ಜಾನ್ ಗ್ಲೆನ್ನಿ ಗ್ರೇಗ್: ಸೇನಾಧಿಕಾರಿ, ದಾಂಡಿಗ, ಪಾದ್ರಿ

ಭಾರತದಲ್ಲಿ ಸೇವೆ ಸಲ್ಲಿಸಿದ ಬ್ರಿಟಿಷ್ ಸೇನಾಧಿಕಾರಿಗಳಲ್ಲಿ ಕ್ರಿಕೆಟ್ ಆಡದವರನ್ನು ಹುಡುಕುವುದೇ ಕಷ್ಟ. ಅಂಥವರಲ್ಲಿ ಬಹುಪಾಲು ಮಂದಿಗೆ ಅದು ದಂಡಿನ ಬೇಸರವನ್ನು ನೀಗುವ ಆಟವಷ್ಟೇ ಆಗಿತ್ತು. ಜಾನ್ ಗ್ಲೆನ್ನಿ ಗ್ರೇಗ್ ಅವರ ಮಾತು ಬೇರೆ. ಎರಡು ದಶಕಗಳಿಗೂ ಹೆಚ್ಚು ಕಾಲ ಮುಂಬಯಿ ಪ್ರಾಂತದ ಐರೋಪ್ಯ ತಂಡದ ಬಲವಾದ ಕಂಬವಾಗಿದ್ದ ಅವರು ಇಂಗ್ಲೆಂಡಿನ ಕೌಂಟಿ ಕ್ರಿಕೆಟ್ಟಿನಲ್ಲೂ ಹೆಸರು ಗಳಿಸಿದರು. ಆದರೂ ಇಂದು ಅವರ ಹೆಸರು ಕೇಳಿಬರುವುದು ಅವರು ಹೊಡೆದ ಓಟಗಳಿಗಾಗಿ ಅಲ್ಲ. ಧಾರವಾಡದಲ್ಲಿ ಹುಟ್ಟಿದ ಒಬ್ಬ ಬಡ ಹುಡುಗ ಪುಣೆಯಲ್ಲಿ ಅವರಿಗೆ ಎಸೆದ ಚೆಂಡುಗಳಿಗಾಗಿ.

ಗ್ರೇಗ್ ಹುಟ್ಟಿದ್ದು ಭಾರತದಲ್ಲಿಯೇ, ಮಧ್ಯ ಭಾರತದ ಮಹೂ ದಂಡಿನಲ್ಲಿ, 1871ರ ಅಕ್ಟೋಬರ್ 24ರಂದು. ಇಪ್ಪತ್ತು ವರ್ಷಗಳ ತರುವಾಯ ಅದೇ ದಂಡಿನಲ್ಲಿ ಭೀಮರಾವ್ ಅಂಬೇಡ್ಕರ್ ಹುಟ್ಟಿದರು. ಕೇವಲ ಕಾಕತಾಳೀಯವಾದ ಈ ಸಂಗತಿಗೆ ಮುಂದಿನ ಕಥೆಯಲ್ಲಿ ಸ್ವಲ್ಪ ಅರ್ಥ ಬರುತ್ತದೆ. ಗ್ರೇಗ್ ಅವರ ವಿದ್ಯಾಭ್ಯಾಸ ಇಂಗ್ಲೆಂಡಿನ ಡೌನ್‌ಸೈಡ್ ಶಾಲೆಯಲ್ಲಿ ನಡೆಯಿತು. ಅದು ಬೆನೆಡಿಕ್ಟೈನ್ ಸಂನ್ಯಾಸಿಗಳು ನಡೆಸುತ್ತಿದ್ದ ಕ್ಯಾಥೊಲಿಕ್ ಶಾಲೆ. ಅಲ್ಲಿಂದ ಹೊರಬಿದ್ದು ಸೈನ್ಯ ಸೇರಿದ ತರುಣ ಮತ್ತೆ ಹುಟ್ಟಿದ ನಾಡಿಗೇ ಬಂದ.

ಅವರು ಬಂದ ಕಾಲ ಕ್ರಿಕೆಟ್ಟಿಗೆ ಅನುಕೂಲವಾಗಿತ್ತು. 1890ರಿಂದ 1895ರವರೆಗೆ ಮುಂಬಯಿಯ ಗವರ್ನರರಾಗಿದ್ದ ಲಾರ್ಡ್ ಹ್ಯಾರಿಸ್ ಇಂಗ್ಲೆಂಡ್ ತಂಡದ ಮಾಜಿ ನಾಯಕರು. 1892ರಿಂದ ಐರೋಪ್ಯರಿಗೂ ಪಾರ್ಸಿಗಳಿಗೂ ನಡುವೆ ಪ್ರೆಸಿಡೆನ್ಸಿ ಪಂದ್ಯಗಳು ನಡೆಯತೊಡಗಿದವು. ಮಳೆಗಾಲದಲ್ಲಿ ಗವರ್ನರರ ವಾಸ್ತವ್ಯ ಪುಣೆಯ ಗಣೇಶಖಿಂಡಕ್ಕೆ ಬದಲಾಗುತ್ತಿದ್ದುದರಿಂದ ಆ ಊರಿನ ಮೈದಾನಗಳಿಗೂ ಕಳೆ ಬರುತ್ತಿತ್ತು. ಗ್ರೇಗ್ 1893ರಲ್ಲಿ ಐರೋಪ್ಯರ ಪರವಾಗಿ ಆಡಲಾರಂಭಿಸಿದರು. ಅವರದು ಚಿಕ್ಕ ಮೈಕಟ್ಟು. ಚುರುಕಾದ ಹೆಜ್ಜೆ, ಬಳುಕುವ ಮಣಿಕಟ್ಟು, ಇವೇ ಅವರ ಬಂಡವಾಳ. ಸೇನಾಧಿಕಾರಿಗಳಿಂದ ಜನ ನಿರೀಕ್ಷಿಸುತ್ತಿದ್ದ ಭೀಮಬಲದ ಹೊಡೆತ ಅವರದಾಗಿರಲಿಲ್ಲ. ಜಾನ್ ಗ್ಲೆನ್ನಿ ಎಂಬ ಜೋಡಿ ಹೆಸರು ದೇಶೀಯ ಪ್ರೇಕ್ಷಕರ ನಾಲಿಗೆಯಲ್ಲಿ ಸವೆದು 'ಜಂಗ್ಲಿ' ಆಯಿತು. ನಯವಾದ ಆಟಕ್ಕೆ ಒರಟಾದ ಹೆಸರು! ಅದು ಅವರಿಗೆ ಕೊನೆಯವರೆಗೂ ಅಂಟಿಕೊಂಡಿತು.

ಈ ಕಾಲದ ಪುಣೆ ಜಿಮಖಾನದಲ್ಲಿ ಬಾಲೂ ಪಾಲವಣಕರ್ ಎಂಬ ಹುಡುಗ ಕೆಲಸಕ್ಕಿದ್ದ. 1870ರ ದಶಕದ ನಡುವಿನಲ್ಲಿ ಧಾರವಾಡದಲ್ಲಿ ಹುಟ್ಟಿದವನು. ಅಂದು ಧಾರವಾಡ ಮುಂಬಯಿ ಪ್ರಾಂತಕ್ಕೆ ಸೇರಿತ್ತು. ಮನೆತನದ ಮೂಲ ಕೊಂಕಣ. ತಂದೆ ಸೈನ್ಯದ ಸೇವೆಯಲ್ಲಿದ್ದುದರಿಂದ ಸಂಸಾರ ಪುಣೆಗೆ ಬಂದಿತ್ತು. ಅಸ್ಪೃಶ್ಯರೆಂದು ಸಮಾಜ ಹೊರಗಿಟ್ಟಿದ್ದ ಚರ್ಮಕಾರ ಸಮುದಾಯದ ಕುಟುಂಬವದು. ಬಾಲೂ ಮೊದಲು ಪಾರ್ಸಿಗಳ ಒಂದು ಕ್ಲಬ್ಬಿನಲ್ಲಿ ತಿಂಗಳಿಗೆ 3 ರೂಪಾಯಿಗೆ ಮೈದಾನ ಗುಡಿಸಿ ರೋಲರ್ ಎಳೆಯುತ್ತಿದ್ದ. 1892ರ ಸುಮಾರಿಗೆ ಐರೋಪ್ಯರ ಜಿಮಖಾನಕ್ಕೆ ಬಂದಾಗ ಸಂಬಳ 4 ರೂಪಾಯಿಗೆ ಏರಿತು. ಬಲೆ ಕಟ್ಟುವುದು, ಪಿಚ್ ಸಿದ್ಧಪಡಿಸುವುದು, ಟೆನಿಸ್ ಅಂಗಳಕ್ಕೆ ಸುಣ್ಣದ ಗೆರೆ ಎಳೆಯುವುದು ಅವನ ಕೆಲಸ. ಟ್ರಾಸ್ ಎಂಬ ಸದಸ್ಯರೊಬ್ಬರು ಒಮ್ಮೆ ಅವನಿಗೆ ಚೆಂಡು ಕೊಟ್ಟು ಎಸೆಯಲು ಹೇಳಿದರು. ಎಡಗೈಯ ನಿಧಾನದ ಸ್ಪಿನ್ ಎಸೆತ ಅಲ್ಲಿ ಬೆಳಕಿಗೆ ಬಂತು.

ಈ ಎಸೆತದ ಬೆಲೆಯನ್ನು ಎಲ್ಲರಿಗಿಂತ ಮೊದಲು ಅರಿತವರು ಗ್ರೇಗ್. ಉಳಿದ ಸದಸ್ಯರಿಗಿಂತ ಒಂದು ಗಂಟೆ ಮುಂಚೆಯೇ ಮೈದಾನಕ್ಕೆ ಬಂದು ಬಾಲೂನ ಎಸೆತವನ್ನು ಎದುರಿಸುತ್ತಿದ್ದರೆಂದೂ, ತಮ್ಮನ್ನು ಔಟ್ ಮಾಡಿದಾಗಲೆಲ್ಲ ಎಂಟಾಣೆ ಕೊಡುತ್ತಿದ್ದರೆಂದೂ ಪ್ರತೀತಿ. ಈ ಮಾತಿನಲ್ಲಿ ಐತಿಹ್ಯದ ಅಂಶವೆಷ್ಟೋ ಇರಬಹುದು. ಆದರೆ ಲೆಕ್ಕ ಹಾಕಿ ನೋಡಿದರೆ ಅದರ ಹುರುಳು ತಿಳಿಯುತ್ತದೆ. 4 ರೂಪಾಯಿ ಸಂಬಳದವನಿಗೆ ಎಂಟಾಣೆಯೆಂದರೆ ಸುಮಾರು ನಾಲ್ಕು ದಿನದ ಕೂಲಿ. ವಾರಕ್ಕೊಮ್ಮೆ ಗ್ರೇಗ್ ಔಟಾದರೂ ತಿಂಗಳ ಆದಾಯ ಒಂದೂವರೆ ಪಟ್ಟು. ಹಾಗೆಯೇ, ಪ್ರಾಂತದ ಅತ್ಯುತ್ತಮ ಐರೋಪ್ಯ ದಾಂಡಿಗನನ್ನು ಬೆಳಗಾದರೆ ಎದುರಿಸಬೇಕಾದ ಎಸೆತಗಾರ ತನ್ನ ವಿದ್ಯೆಯನ್ನು ಎಷ್ಟು ಸೂಕ್ಷ್ಮಗೊಳಿಸಬೇಕಾದೀತು ಎಂಬುದನ್ನೂ ಊಹಿಸಬಹುದು. ಇಲ್ಲಿ ಗುರು ಯಾರು, ಶಿಷ್ಯ ಯಾರು ಎಂದು ಹೇಳುವುದು ಸುಲಭವಲ್ಲ. ಕೌಂಟಿಯ ದಾಖಲೆಗಳಲ್ಲಿ ಗ್ರೇಗ್ ಅವರ ಪ್ರತಿ ಓಟವೂ ಉಳಿದಿದೆ. ಬಲೆಯೊಳಗಿನ ಎಸೆತಗಳಿಗೆ ಲೆಕ್ಕವಿಟ್ಟವರಿಲ್ಲ. ಗಮನಿಸಬೇಕಾದ ಇನ್ನೊಂದು ಸಂಗತಿಯೆಂದರೆ, ಗಂಟೆಗಟ್ಟಲೆ ಎಸೆದ ಆ ಹುಡುಗನ ಕೈಗೆ ಜಿಮಖಾನದಲ್ಲಿ ಯಾರೂ ಬ್ಯಾಟು ಕೊಡಲಿಲ್ಲ. ಬ್ಯಾಟಿಂಗ್ ಸಾಹೇಬರದು, ಬೌಲಿಂಗ್ ಆಳಿನದು ಎಂಬ ವಿಭಜನೆಯನ್ನು ಗ್ರೇಗ್ ಕೂಡ ಮೀರಲಿಲ್ಲ.

ಬಾಲೂನ ಸುದ್ದಿ ದಂಡಿನಿಂದ ಪೇಟೆಗೆ ಹಬ್ಬಿತು. ಐರೋಪ್ಯರನ್ನು ಸೋಲಿಸಬೇಕೆಂಬ ಛಲವಿದ್ದ ಪುಣೆಯ ಹಿಂದೂ ಆಟಗಾರರಲ್ಲಿ ಅವನನ್ನು ಸೇರಿಸಿಕೊಳ್ಳಬೇಕೆ ಬೇಡವೆ ಎಂಬ ವಾದ ಹುಟ್ಟಿತು. ಆಗ ಗ್ರೇಗ್, ಜಾತಿಯ ಕಾರಣಕ್ಕೆ ಇಂಥ ಪ್ರತಿಭೆಯನ್ನು ಕೈಬಿಟ್ಟರೆ ಹಿಂದೂಗಳು ಮೂರ್ಖರಾದಾರು ಎಂಬ ಅಭಿಪ್ರಾಯವನ್ನು ಬಹಿರಂಗವಾಗಿಯೇ ತಿಳಿಸಿದರು. ಎದುರಾಳಿಯ ಬಲ ಹೆಚ್ಚಿಸುವ ಮಾತನ್ನು ತಾನಾಗಿ ಆಡಿದ ಆಟಗಾರ ಅವರು. ಇದನ್ನು ಔದಾರ್ಯವೆನ್ನಬೇಕೆ? ಭಾರತೀಯರಿಗೆ ಸದಸ್ಯತ್ವವೇ ಇಲ್ಲದ ಕ್ಲಬ್ಬಿನಲ್ಲಿ ನಿಂತು ಅನ್ಯರ ಪಂಕ್ತಿಭೇದವನ್ನು ಟೀಕಿಸುವುದು ಸುಲಭ ಎನ್ನುವವರೂ ಇರಬಹುದು. ಎರಡೂ ಮಾತಿನಲ್ಲಿ ಸತ್ಯವಿದೆ. ಆದರೆ ಆ ಮಾತು ಫಲಿಸಿತು ಎಂಬುದು ಮುಖ್ಯ. ಬಾಲೂ ತಂಡಕ್ಕೆ ಬಂದರು. ಮೈದಾನದಲ್ಲಿ ಎಲ್ಲರೂ ಮುಟ್ಟಿದ ಚೆಂಡನ್ನೇ ಮುಟ್ಟಿದರು. ಚಹಾದ ಹೊತ್ತಿಗೆ ಮಾತ್ರ ಪೆವಿಲಿಯನ್ನಿನ ಹೊರಗೆ ಬೇರೆ ಮಣ್ಣಿನ ಪಾತ್ರೆಯಲ್ಲಿ ಕುಡಿಯಬೇಕಾಯಿತು.

ಗ್ರೇಗ್ ಇಂಗ್ಲೆಂಡಿನಲ್ಲಿ ಪ್ರಕಾಶಕ್ಕೆ ಬಂದದ್ದು 1901ರಲ್ಲಿ. ಹ್ಯಾಂಪ್‌ಷೈರ್ ಕೌಂಟಿ ಸೇನಾಧಿಕಾರಿಗಳನ್ನೇ ನೆಚ್ಚಿಕೊಂಡ ತಂಡವಾಗಿತ್ತು. 1899ರಲ್ಲಿ ಮೇಜರ್ ಪೂರ್ ಟಾಂಟನ್ನಿನಲ್ಲಿ 304 ಓಟ ಗಳಿಸಿದ್ದರು. ಅವರೂ ಕ್ಯಾಪ್ಟನ್ ವಿನ್ಯಾರ್ಡರೂ ಸೇರಿ 411 ಓಟಗಳ ಜೊತೆಯಾಟ ಕಟ್ಟಿದ್ದರು. ಬೋಯರ್ ಯುದ್ಧ ಇಂಥವರನ್ನು ದಕ್ಷಿಣ ಆಫ್ರಿಕಕ್ಕೆ ಒಯ್ದಿತು. 1900ರ ಚಾಂಪಿಯನ್‌ಷಿಪ್ಪಿನಲ್ಲಿ ತಂಡ ಒಂದು ಪಂದ್ಯವನ್ನೂ ಗೆಲ್ಲಲಿಲ್ಲ. ಮರುವರ್ಷ ಬಂದ ಗ್ರೇಗ್ ಒಂದೇ ಋತುವಿನಲ್ಲಿ ಸಾವಿರಕ್ಕೂ ಹೆಚ್ಚು ಓಟ ಹೊಡೆದರು. ಲಿವರ್‌ಪೂಲಿನಲ್ಲಿ ಲ್ಯಾಂಕಷೈರ್ ವಿರುದ್ಧ ಔಟಾಗದೆ 249 ಗಳಿಸಿದರು. ಅದೇ ಅವರ ಬಾಳಿನ ಅತ್ಯಧಿಕ ಮೊತ್ತ. 1905ರಲ್ಲಿ ವೂಸ್ಟರ್‌ಷೈರ್ ವಿರುದ್ಧ ಎರಡು ಇನಿಂಗ್ಸ್‌ಗಳಲ್ಲೂ ಶತಕ ಬಾರಿಸಿದರು. ರಜೆ ಸಿಕ್ಕಾಗ ಮಾತ್ರ ಅಲ್ಲಿ ಆಡಲು ಸಾಧ್ಯವಿದ್ದ ಅಧಿಕಾರಿಗೆ ಇದು ಕಡಿಮೆ ಸಾಧನೆಯಲ್ಲ. ರಜೆ ಮುಗಿದೊಡನೆ ಮತ್ತೆ ಹಡಗು, ಮತ್ತೆ ಮುಂಬಯಿ. ಪ್ರಾಂತದಲ್ಲಿ ಅವರು ಗವರ್ನರರ ಮಿಲಿಟರಿ ಕಾರ್ಯದರ್ಶಿಯ ಹೊಣೆಯನ್ನೂ ನಿರ್ವಹಿಸಿದರು, ಸಿ.ಐ.ಇ. ಪದವಿ ಪಡೆದರು.

ಅವರು ಐರೋಪ್ಯರ ಪರ ಆಡುತ್ತಿದ್ದ ಈ ವರ್ಷಗಳಲ್ಲಿಯೇ ಆಟದ ಸಮತೋಲ ಬದಲಾಯಿತು. ಪುಣೆಯಿಂದ ಮುಂಬಯಿಗೆ ಬಂದ ಬಾಲೂ ರೈಲ್ವೆಯಲ್ಲಿ ಕೆಲಸ ಹಿಡಿದು ಹಿಂದೂ ಜಿಮಖಾನದ ಪ್ರಮುಖ ಬೌಲರರಾಗಿದ್ದರು. 1906ರ ಫೆಬ್ರುವರಿಯಲ್ಲಿ ಹಿಂದೂ ತಂಡ ಮುಂಬಯಿಯಲ್ಲಿ ಐರೋಪ್ಯರನ್ನು 109 ಓಟಗಳಿಂದ ಸೋಲಿಸಿತು. ಐರೋಪ್ಯರು ಎರಡನೆಯ ಇನಿಂಗ್ಸ್‌ನಲ್ಲಿ ಕುಸಿದದ್ದು ಕೇವಲ 102 ಓಟಗಳಿಗೆ, ಬಹುಮಟ್ಟಿಗೆ ಬಾಲೂ ಅವರ ಎಸೆತದಿಂದಾಗಿ. ಮರುವರ್ಷ ತ್ರಿಕೋನ ಪಂದ್ಯಾವಳಿ ಆರಂಭವಾಯಿತು. 1912ರಲ್ಲಿ ಮುಸ್ಲಿಮರೂ ಸೇರಿ ಅದು ಚತುಷ್ಕೋನವಾಯಿತು. 1911ರಲ್ಲಿ ಪಟಿಯಾಲದ ಮಹಾರಾಜರ ನಾಯಕತ್ವದಲ್ಲಿ ಇಂಗ್ಲೆಂಡಿಗೆ ಹೋದ ತಂಡದಲ್ಲಿ ಬಾಲೂ ನೂರಕ್ಕೂ ಹೆಚ್ಚು ವಿಕೆಟ್ ಕಿತ್ತರು. ಇಷ್ಟಾದರೂ ಹಿಂದೂ ತಂಡದ ನಾಯಕತ್ವ ಅವರಿಗೆ ಕೊನೆಗೂ ದಕ್ಕಲಿಲ್ಲ. ಈ ಅನ್ಯಾಯ 1920ರಲ್ಲಿ ಅವರ ತಮ್ಮಂದಿರಾದ ಶಿವರಾಮ್ ಮತ್ತು ವಿಠ್ಠಲ್ ಆಟದಿಂದ ಹಿಂದೆ ಸರಿದು ಪ್ರತಿಭಟಿಸುವ ಮಟ್ಟಕ್ಕೆ ಹೋಯಿತು. 1923ರಲ್ಲಿ ವಿಠ್ಠಲ್ ನಾಯಕರಾದರು. ಒಬ್ಬನನ್ನು ಆಡಿಸಿರೆಂದು ಗ್ರೇಗ್ ಹೇಳಿದ್ದ ಮಾತು ಆ ಮನೆತನವನ್ನು ನಾಯಕತ್ವದವರೆಗೆ ತಲುಪಿಸಲು ಕಾಲು ಶತಮಾನಕ್ಕೂ ಹೆಚ್ಚು ಕಾಲ ಹಿಡಿಯಿತು.

ಗ್ರೇಗ್ ಅಷ್ಟರಲ್ಲಿ ಭಾರತವನ್ನು ಬಿಟ್ಟಿದ್ದರು. ಐರೋಪ್ಯರ ಪರ ಅವರ ಆಟ 1921ಕ್ಕೆ, ಹ್ಯಾಂಪ್‌ಷೈರ್ ಪರ 1922ಕ್ಕೆ ಮುಗಿಯಿತು. ಆಗ ಅವರಿಗೆ ಐವತ್ತು ವರ್ಷ. ಆ ದಶಕದಲ್ಲಿ ಅದೇ ಕೌಂಟಿಯ ಕಾರ್ಯದರ್ಶಿಯಾಗಿ ದುಡಿದರು. ಬಳಿಕ, ನಿವೃತ್ತ ಅಧಿಕಾರಿಗಳು ಗುಲಾಬಿ ತೋಟಕ್ಕೆ ನೀರೆರೆಯುವ ವಯಸ್ಸಿನಲ್ಲಿ, ಇವರು ಮತ್ತೆ ವಿದ್ಯಾರ್ಥಿಯಾಗಿ ಧರ್ಮಶಾಸ್ತ್ರ ಓದಿದರು. ಡೌನ್‌ಸೈಡ್‌ನ ಸಂಸ್ಕಾರ ಎಲ್ಲೋ ಒಳಗೆ ಉಳಿದಿದ್ದಿರಬೇಕು. 1935ರಲ್ಲಿ ಕ್ಯಾಥೊಲಿಕ್ ಪಾದ್ರಿಯಾಗಿ ದೀಕ್ಷೆ ಪಡೆದರು. ಮುಂದೆ ಕ್ಯಾನನ್ ಪದವಿಯೂ ದೊರೆಯಿತು.

ಅವರು ದೀಕ್ಷೆ ಪಡೆದ ಎರಡು ವರ್ಷಕ್ಕೆ ಮುಂಬಯಿಯ ಚುನಾವಣೆಯಲ್ಲಿ ಬಾಲೂ ಪಾಲವಣಕರ್ ಕಾಂಗ್ರೆಸ್ ಅಭ್ಯರ್ಥಿಯಾಗಿ, ಗ್ರೇಗ್ ಹುಟ್ಟಿದ ಮಹೂವಿನಲ್ಲಿಯೇ ಹುಟ್ಟಿದ ಅಂಬೇಡ್ಕರರ ವಿರುದ್ಧ ನಿಂತು ಸೋತರು. ಒಂದು ಕಾಲಕ್ಕೆ ಬಾಲೂ ಅವರನ್ನು ಮೆಚ್ಚಿ ಮಾತನಾಡಿದ್ದ ಅಂಬೇಡ್ಕರರಿಗೂ ಅವರಿಗೂ ಆ ಹೊತ್ತಿಗೆ ರಾಜಕೀಯದ ದಾರಿಗಳು ಬೇರೆಯಾಗಿದ್ದವು. ಬಾಲೂ 1955ರ ಜುಲೈಯಲ್ಲಿ ಮುಂಬಯಿಯಲ್ಲಿ ತೀರಿಕೊಂಡರು. ಕ್ಯಾನನ್ ಗ್ರೇಗ್ 1958ರ ಮೇ 24ರಂದು, ಎಂಬತ್ತಾರನೆಯ ವಯಸ್ಸಿನಲ್ಲಿ, ಹ್ಯಾಂಪ್‌ಷೈರಿನ ಕಡಲ ತೀರದ ಮಿಲ್‌ಫರ್ಡ್-ಆನ್-ಸೀ ಎಂಬ ಊರಿನಲ್ಲಿ ನಿಧನರಾದರು.