ಫೆಲಿಕ್ಸ್ ಬೆಕ್ಕಿನ ಚಿತ್ರಕಾರ ಒಟ್ಟೊ ಮೆಸ್ಮರ್

ಮೂಕಚಿತ್ರಗಳ ಕಾಲದಲ್ಲಿ ಲೋಕವನ್ನೆಲ್ಲ ನಗಿಸಿದ ತಾರೆಗಳಲ್ಲಿ ಒಂದು ಕರಿಯ ಬೆಕ್ಕೂ ಉಂಟು. ಅದರ ಹೆಸರು ಫೆಲಿಕ್ಸ್. ಆ ಬೆಕ್ಕನ್ನು ಬರೆದು, ನಡೆಸಿ, ಕುಣಿಸಿದ ಒಟ್ಟೊ ಮೆಸ್ಮರನ ಹೆಸರು ಮಾತ್ರ ಅಂದಿನ ಪ್ರೇಕ್ಷಕರ ಕಿವಿಗೆ ಬೀಳಲೇ ಇಲ್ಲ.

ಮೆಸ್ಮರ್ 1892ರ ಆಗಸ್ಟ್ 16ರಂದು ಅಮೆರಿಕದ ನ್ಯೂಜೆರ್ಸಿ ಸಂಸ್ಥಾನದಲ್ಲಿ, ಜರ್ಮನ್ ಮೂಲದ ಕುಟುಂಬವೊಂದರಲ್ಲಿ ಜನಿಸಿದನು. ಉಡುಪುಗಳ ಜಾಹೀರಾತಿಗೆ ಚಿತ್ರ ಬರೆಯುತ್ತ ಹೊಟ್ಟೆ ಹೊರೆಯುತ್ತಿದ್ದ ಆತ, ವಿನ್ಸರ್ ಮಕೇ ಎಂಬ ಕಲಾವಿದನ ಚಲಿಸುವ ಚಿತ್ರಗಳಿಗೆ ಮಾರುಹೋಗಿ, 1916ರಲ್ಲಿ ನ್ಯೂಯಾರ್ಕಿನ ಪ್ಯಾಟ್ ಸಲಿವನ್ನನ ಕಾರ್ಯಾಗಾರವನ್ನು ಸೇರಿದನು. ಸಲಿವನ್ ಆಸ್ಟ್ರೇಲಿಯದಿಂದ ಬಂದವನು. ಅಲ್ಲಿ ಚಾಪ್ಲಿನ್ನನ ವ್ಯಂಗ್ಯಚಿತ್ರಗಳನ್ನು ಬರೆಯುತ್ತ ಮೆಸ್ಮರ್ ಆ ಮಹಾನಟನ ನಡಿಗೆಯನ್ನೂ ಹಾವಭಾವಗಳನ್ನೂ ಮನಸ್ಸಿಟ್ಟು ಅಭ್ಯಾಸ ಮಾಡಿದನು. ಈ ಪಾಠವೇ ಮುಂದೆ ಬೆಕ್ಕಿಗೆ ಒದಗಿತು.

ಮಹಾಯುದ್ಧದಲ್ಲಿ ಫ್ರಾನ್ಸಿಗೆ ಹೋಗಿದ್ದ ಆತ ಮರಳಿದ ವರ್ಷ, ಎಂದರೆ 1919ರಲ್ಲಿ, ಪ್ಯಾರಾಮೌಂಟ್ ಸಂಸ್ಥೆಗಾಗಿ 'ಫೆಲೈನ್ ಫಾಲೀಸ್' ಎಂಬ ಕಿರುಚಿತ್ರ ಸಿದ್ಧವಾಯಿತು. ಅದರ ನಾಯಕ ಟಾಮ್ ಎಂಬ ಗಂಡುಬೆಕ್ಕು. ಮನೆ ಕಾಯುವ ಕೆಲಸ ಬಿಟ್ಟು ಅದು ಬಿಳಿಯ ಬೆಕ್ಕೊಂದನ್ನು ಒಲಿಸಲು ಹೋಗುತ್ತದೆ. ಇತ್ತ ಇಲಿಗಳು ಮನೆಯನ್ನು ಸೂರೆಮಾಡುತ್ತವೆ. ಕೆಲಸ ಕಳೆದುಕೊಂಡು ಪ್ರಿಯೆಯಲ್ಲಿಗೆ ಓಡಿದರೆ ಎದುರಿಗೆ ಮರಿಗಳ ದೊಡ್ಡ ಹಿಂಡು! ದಿಕ್ಕುಗಾಣದ ನಾಯಕ ಅನಿಲದ ಕಾರ್ಖಾನೆಗೆ ಓಡಿ ಪ್ರಾಣ ಬಿಡಲು ಮುಂದಾಗುತ್ತಾನೆ. ನಗೆಚಿತ್ರಕ್ಕೆ ಇದೆಂತಹ ಮುಕ್ತಾಯವೋ! ಆದರೂ ಜನ ಮೆಚ್ಚಿದರು. ಅದೇ ವರ್ಷ ಬೆಕ್ಕಿಗೆ ಫೆಲಿಕ್ಸ್ ಎಂಬ ಹೆಸರಾಯಿತು.

ಮೈಗೆಲ್ಲ ಕಪ್ಪು ಬಳಿದದ್ದು ಶ್ರಮದ ಲೆಕ್ಕಾಚಾರದಿಂದ. ಒಂದು ಹೆಜ್ಜೆ ಇಡಿಸಲೂ ಹಲವು ಚಿತ್ರಗಳು ಬೇಕು. ಇಡೀ ಮೈ ಕಪ್ಪಾದರೆ ಒಳಗಿನ ಗೆರೆಗಳ ಕೆಲಸ ಉಳಿಯಿತು. ಬಾಲದಲ್ಲಿ ಮಾತ್ರ ಮೆಸ್ಮರ್ ಜಿಪುಣತನ ತೋರಲಿಲ್ಲ. ಅದು ಸಂದೇಹ ಬಂದಾಗ ಪ್ರಶ್ನಾರ್ಥಕ ಚಿಹ್ನೆಯಾಗುತ್ತಿತ್ತು. ಬೇಕೆಂದಾಗ ಕಳಚಿಬಂದು ಆಯುಧವೂ ಆಗುತ್ತಿತ್ತು. ಬೆನ್ನ ಹಿಂದೆ ಕೈಕಟ್ಟಿ, ತಲೆ ತಗ್ಗಿಸಿ ಶತಪಥ ಹಾಕುವ ಫೆಲಿಕ್ಸನನ್ನು ಕಂಡರೆ, ಬೆಕ್ಕು ನಿಜವಾಗಿಯೂ ಚಿಂತಿಸುತ್ತಿದೆ ಎಂದೇ ತೋರುತ್ತಿತ್ತು.

ಗೊಂಬೆಗಳು, ಪತ್ರಿಕೆಗಳ ಚಿತ್ರಮಾಲೆ ಎಂದು ಫೆಲಿಕ್ಸನಿಂದ ಹಣದ ಹೊಳೆಯೇ ಹರಿಯಿತು. 1928ರಲ್ಲಿ ದೂರದರ್ಶನದ ಆರಂಭದ ಪ್ರಯೋಗಗಳಿಗೂ ಫೆಲಿಕ್ಸನ ಗೊಂಬೆಯನ್ನೇ ತಿರುಗುಮಣೆಯ ಮೇಲಿರಿಸಿದರು. ಚಿತ್ರಗಳ ಮೇಲೆ ಮಾತ್ರ ಸಲಿವನ್ನನ ಹೆಸರು; ಮೆಸ್ಮರನಿಗೆ ಸಂಬಳ. ಹೆಸರಾದ ಹೋಟೆಲಿನ ಸಾಂಬಾರು ಯಾವ ಭಟ್ಟರ ಕೈಯದೆಂದು ಗಿರಾಕಿಗಳು ಕೇಳುವುದುಂಟೆ? ಸಂಕೋಚ ಸ್ವಭಾವದ ಮೆಸ್ಮರ್ ತಾನಾಗಿ ಹೇಳಿಕೊಳ್ಳಲೂ ಇಲ್ಲ.

1928ರಲ್ಲಿ ವಾಲ್ಟ್ ಡಿಸ್ನಿಯ ಮಿಕಿ ಇಲಿ ಧ್ವನಿಯೊಡನೆ ತೆರೆಗೆ ಬಂದಿತು. ಬೆಕ್ಕನ್ನು ಇಲಿ ಸೋಲಿಸಿತು! ಸಲಿವನ್ ವಾಕ್ಚಿತ್ರಕ್ಕೆ ಹೊಂದಿಕೊಳ್ಳಲು ತಡಮಾಡಿದನು. 1933ರಲ್ಲಿ ಆತ ತೀರಿಕೊಂಡಾಗ ಕಾರ್ಯಾಗಾರವೂ ಮುಚ್ಚಿತು. ಬೆಕ್ಕಿನ ಮೇಲೆ ಮೆಸ್ಮರನಿಗೆ ಯಾವ ಹಕ್ಕೂ ಉಳಿಯಲಿಲ್ಲ. ಆದರೂ 1954ರವರೆಗೆ ಆತ ಪತ್ರಿಕೆಗಳಿಗೆ ಫೆಲಿಕ್ಸನನ್ನು ಬರೆಯುತ್ತಲೇ ಇದ್ದನು; ನ್ಯೂಯಾರ್ಕಿನ ಟೈಮ್ಸ್ ಚೌಕದ ವಿದ್ಯುದ್ದೀಪದ ಜಾಹೀರಾತುಗಳಿಗೂ ಚಲಿಸುವ ಚಿತ್ರಗಳನ್ನು ರಚಿಸಿದನು.

ಫೆಲಿಕ್ಸನ ಜನಕ ಸಲಿವನ್ನನೇ ಎಂದು ಆಸ್ಟ್ರೇಲಿಯದಲ್ಲಿ ವಾದಿಸುವವರುಂಟು. ಚಿತ್ರೇತಿಹಾಸಕಾರರಲ್ಲಿ ಹೆಚ್ಚಿನವರು ಮೆಸ್ಮರನ ಕಡೆಗಿದ್ದಾರೆ. 1977ರಲ್ಲಿ ಜಾನ್ ಕೇನ್‌ಮೇಕರ್ ಆತನನ್ನು ಕುರಿತು ಸಾಕ್ಷ್ಯಚಿತ್ರವನ್ನೇ ನಿರ್ಮಿಸಿದನು. ಆಗ ಮೆಸ್ಮರನಿಗೆ 80 ದಾಟಿತ್ತು. 1983ರ ಅಕ್ಟೋಬರ್ 28ರಂದು, ತಾನು ಹುಟ್ಟಿದ ನ್ಯೂಜೆರ್ಸಿಯಲ್ಲಿಯೇ, ಆತ ಕಣ್ಮುಚ್ಚಿದನು.